ಮೂಡಣ ಕಡೆಯ ಎರಡು ಕೋಣೆಗಳು

ಬಂಡೆಪ್ಪ ಸಾವ್ಕಾರ ಶಾಲೆಯ ಅಡುಗೆಮನೆಗೆ ಚಪ್ಪಲಿ ಕಾಲಿನಲ್ಲೇ ನುಗ್ಗಿ ಅಡುಗೆ ಮಾಡುವ ಬಾಲಮಣಿಯ ಕೈಯಲ್ಲಿದ್ದ ಸೌಟು ಕಿತ್ತುಕೊಂಡು ಅಂಗಳಕ್ಕೆ ಎಸೆದ. ಅದು ಫರ್ಸಿಕಲ್ಲಿನ ಮೇಲೆ ಠಣ್ಣೆಂದು ಬಿದ್ದ ಸದ್ದಿಗೆ, ಬೇವಿನ ಗಿಡದ ಕೆಳಗೆ ಬಗ್ಗಿ ವಾಂತಿ ಮಾಡುತ್ತಿದ್ದ ಮಕ್ಕಳು ಕೂಡ ತಲೆ ಎತ್ತಿ ನೋಡಿದರು.

“ನಿನ್ನ ಕೈ ಎಂಥಾದ್ದು ಅಂತ ನನಗ ಮೊದ್ಲೇ ಗೊತ್ತಿತ್ತು. ನಡಿ ಹೊರಗ!” ಎಂದ ಬಂಡೆಪ್ಪ.

ಬಾಲಮಣಿ ಒಲೆಯ ಮೇಲಿನ ಬೇಳೆ ಹೊತ್ತಿ ಹೋಗದಿರಲೆಂದು ಉರಿ ಆರಿಸಿ, ಸೆರಗಿಗೆ ಕೈ ಒರೆಸಿಕೊಂಡು ಹೊರಗೆ ನಡೆದಳು.

ಗಿಡದ ಕೆಳಗೆ ಒಂದು ಹುಡುಗಿಯ ಹಣೆ ಹಿಡಿದು ಕೂತಿದ್ದ ವಿಜ್ಞಾನದ ಟೀಚರ್ ಧಮ್ಮಶೀಲಾಳಿಗೆ ಮೈಯೆಲ್ಲ ಉರಿದು ಹೋಯಿತು. “ಸಾವ್ಕಾರ್ರೇ, ಬಾಲಮಣಕ್ಕ ಏನು ಹಾಕ್ಯಾಳ ಅಂತ ನೋಡಿದ್ರೇನು ನೀವು? ಮಕ್ಕಳು ಯಾಕ ಬಿದ್ದಾರ ಅಂತ ಒಬ್ರಿಗರ ಗೊತ್ತದೇನು ಇಲ್ಲಿ?” ಎಂದು ಕೂತಲ್ಲಿಂದಲೇ ಕೂಗಿದಳು.

“ನೋಡಾದೇನದ ಇದರಾಗ? ಉಂಡ್ರು, ಬಿದ್ರು. ಕಣ್ಣಿಗೆ ಕಾಣಲ್ಲೇನು?”

ಸಾವ್ಕಾರ ಶಾಲೆಯ ಕಮಿಟಿಗೆ ಹಿರಿಯ. ಧಮ್ಮಶೀಲಾ ಹಣೆ ಹಿಡಿದಿದ್ದ ಹುಡುಗಿ ಸೌಂದರ್ಯಾ ಅವನ ಮೊಮ್ಮಗಳೇ. ಅವನ ಸಿಟ್ಟಿನೊಳಗೆ ಹೆದರಿಕೆಯೂ ಇತ್ತೆನ್ನುವುದು ಧಮ್ಮಶೀಲಾಳಿಗೆ ತಿಳಿಯದೆ ಇರಲಿಲ್ಲ. ಆದರೆ ಹೆದರಿದವರೆಲ್ಲ ಬಡವರ ಕೈಯ ಸೌಟೇ ಯಾಕೆ ಕಿತ್ತುಕೊಳ್ಳುತ್ತಾರೆ ಎಂಬುದು ಮಾತ್ರ ಅವಳಿಗೆ ಎಂದೂ ತಿಳಿದಿರಲಿಲ್ಲ.

ಆಂಬುಲೆನ್ಸ್ ಬಂತು. ಸರ್ಕಾರಿ ದವಾಖಾನೆಯ ಡಾಕ್ಟರು ಮಕ್ಕಳನ್ನು ಸಾಲಾಗಿ ಮಲಗಿಸಿ, ಸಲೈನ್ ಹಚ್ಚಿಸಿ, “ಊಟದ್ದೇ” ಎಂದು ಒಂದೇ ಮಾತಿನಲ್ಲಿ ಮುಗಿಸಿದರು. ಹುಡುಗರ ಕಣ್ಣಿಂದ ನೀರು ಧಾರೆಯಾಗಿ ಇಳಿಯುತ್ತಿತ್ತು, ಬಾಯಿಂದ ಜೊಲ್ಲು ಸುರಿಯುತ್ತಿತ್ತು. ಹಳಸಿದ್ದನ್ನು ಉಂಡರೆ ಕಣ್ಣಲ್ಲಿ ನೀರು ಯಾಕೆ ಬರಬೇಕು ಎಂದು ಧಮ್ಮಶೀಲಾ ಕೇಳಿದ್ದಕ್ಕೆ, “ಅಳ್ತಾವಲ್ಲಮ್ಮ, ಮಕ್ಕಳು” ಎಂದು ಅವರು ನಕ್ಕರು. ಸಂಜೆಗೆ ಮಕ್ಕಳೆಲ್ಲ ಚೇತರಿಸಿಕೊಂಡು ಮನೆಗೆ ಬಂದವು. ಬಾಲಮಣಿಯ ಕೆಲಸ ಹೋಯಿತು. ಊರಿನ ಮಟ್ಟಿಗೆ ವಿಷಯ ಅಲ್ಲಿಗೆ ಮುಗಿಯಿತು.

ಧಮ್ಮಶೀಲಾಳ ಸಿಟ್ಟಿಗೆ ಹಳೆಯ ಬೇರಿತ್ತು. ಅವಳ ಅಪ್ಪ ಪೋಚಪ್ಪ ಇದೇ ಊರಿನವನು, ಕರಿಬಾವಿಯವನೇ. ಹೆಂಡತಿ ಸಾಯಮ್ಮನನ್ನೂ ಎರಡು ಮಕ್ಕಳನ್ನೂ ಕಟ್ಟಿಕೊಂಡು ತಾಂಡೂರಿಗೆ ಕಲ್ಲಿನ ಕೆಲಸಕ್ಕೆ ಹೋಗಿದ್ದ. ಗಂಡ ಹೆಂಡತಿ ಇಬ್ಬರೂ ಫರ್ಸಿ ಕೊಯ್ಯುವ ಮಿಷಿನ್ನಿನ ಮುಂದೆ ದುಡಿದರು. ಸಂಜೆ ಸಾಯಮ್ಮ ಮನೆಗೆ ಬಂದರೆ ಹುಬ್ಬು, ರೆಪ್ಪೆ, ಕೂದಲು ಎಲ್ಲ ಬೆಳ್ಳಗೆ; ಮಕ್ಕಳು ಅವ್ವ ಮುದುಕಿಯಾಗಿ ಬಂದಳೆಂದು ನಗುತ್ತಿದ್ದವು. ಆಮೇಲೆ ಕೆಮ್ಮು ಹಿಡಿಯಿತು. ಒಬ್ಬ ಡಾಕ್ಟರು ಟಿಬಿ ಎಂದ. ಕಫ ತೆಗೆದು ನೋಡಿದಾಗಲೆಲ್ಲ ಟಿಬಿ ಇಲ್ಲ ಎಂದೇ ಬರುತ್ತಿತ್ತು. ಆದರೂ ಗುಳಿಗೆ ನಿಲ್ಲಲಿಲ್ಲ. “ಅವರು ಓದಿದವರು, ಅವರಿಗೆ ಗೊತ್ತಿರತದ” ಎಂದು ಸಾಯಮ್ಮ ನುಂಗುತ್ತಲೇ ಹೋದಳು, ದಿನಾ ಬೆಳಗ್ಗೆ ಅದೇ ಧೂಳಿಗೆ ಹೋಗುತ್ತಲೂ ಹೋದಳು. ಎದೆಯಲ್ಲಿ ಕೂತಿದ್ದು ಕಲ್ಲಿನ ಧೂಳು ಎಂದು ಯಾರೋ ಹೇಳುವಷ್ಟರಲ್ಲಿ ಅವಳಿಗೆ ಎದ್ದು ಕೂರಲೂ ಉಸಿರಿರಲಿಲ್ಲ. ಅವ್ವನನ್ನು ಮಣ್ಣು ಮಾಡಿ ಬಂದ ದಿನ ಹುಡುಗಿ ಧಮ್ಮಶೀಲಾಳನ್ನು ಕೊರೆದದ್ದು ರೋಗವಲ್ಲ. ‘ಇಲ್ಲ’ ಎಂದು ಅಷ್ಟು ಸಲ ಬಂದರೂ, ಹಾಗಾದರೆ ಮತ್ತೇನು ಎಂದು ಒಬ್ಬರೂ ಕೇಳಲಿಲ್ಲವಲ್ಲ ಎಂಬುದು.

ಅವಳು ಹಟ ಹಿಡಿದು ವಿಜ್ಞಾನ ಓದಿದಳು, ಟೀಚರ್ ಆದಳು, ವರ್ಗ ಮಾಡಿಸಿಕೊಂಡು ಅಪ್ಪನ ಊರಿಗೇ ಬಂದಳು. ಮಕ್ಕಳು ಅವಳಿಗೆ ಹಿಂದಿನಿಂದ ‘ಯಾಕ ಟೀಚರ್’ ಎಂದು ಹೆಸರಿಟ್ಟಿದ್ದರು. ಹೆಣ್ಣು ನೋಡಲು ಬಂದವರಿಗೂ ಅವಳು ಯಾಕೆ ಎಂದೇ ಕೇಳುತ್ತಿದ್ದಳೆಂದು, ಅದಕ್ಕೇ ಮದುವೆ ಕೂಡಿಬರಲಿಲ್ಲವೆಂದು ಊರಿನ ಹೆಂಗಸರು ನಗುತ್ತಿದ್ದರು. ತಮ್ಮ ಕ್ರಾಂತಿಕುಮಾರ ಶಾಲೆಯ ಮಗ್ಗುಲಿನ ಹೊಲ ಗುತ್ತಿಗೆಗೆ ಹಿಡಿದು ತೊಗರಿ ಹಾಕಿದ್ದ. ಅಕ್ಕನಷ್ಟೇ ಸಿಡುಕ. ಯಾರಿಗೆ ಅನ್ಯಾಯವಾದರೂ ಮೊದಲು ಎದ್ದು ನಿಲ್ಲುವವನು ಅವನೇ.

ತಮ್ಮ ಓಣಿಯವಳೇ ಆದ ಬಾಲಮಣಿಯನ್ನು ಹೊರಗೆ ಹಾಕಿದ ಸುದ್ದಿ ತಿಳಿದದ್ದೇ ಅವನು ಓಣಿಯವರನ್ನು ಕೂಡಿಸಿಕೊಂಡು ಮಂಡಲ ಆಫೀಸಿನ ಮುಂದೆ ಕೂತ. ಅಕ್ಕ ತಮ್ಮ ಇಬ್ಬರಿಗೂ ಒಂದೇ ಅನುಮಾನ. ಊಟಕ್ಕೆ ಬೇಳೆ, ಎಣ್ಣೆ ಬರುತ್ತಿದ್ದುದು ಬಂಡೆಪ್ಪನ ಅಂಗಡಿಯಿಂದ. ಹುಳ ಹಿಡಿದ ಬೇಳೆ ಕೊಟ್ಟವನು ಅವನು, ಮೈಮೇಲೆ ಬರಬಾರದೆಂದು ಬಾಲಮಣಿಯ ಸೌಟು ಕಿತ್ತವನೂ ಅವನು.

“ಅಕ್ಕಾ, ನೀ ಅದನ್ನ ಸಾಬೀತು ಮಾಡು. ಮುಂದಿಂದು ನಾ ನೋಡ್ಕೋತೀನಿ” ಎಂದ ಕ್ರಾಂತಿ.

ಧಮ್ಮಶೀಲಾ ಮನೆಮನೆಗೆ ಹೋದಳು. ಬಿದ್ದ ಮಕ್ಕಳನ್ನೂ ಕೇಳಿದಳು, ಬೀಳದ ಮಕ್ಕಳನ್ನೂ ಕೇಳಿದಳು. ಏನು ಉಂಡೆ, ಎಷ್ಟು ಉಂಡೆ, ನೀರು ಎಲ್ಲಿಂದ ಕುಡಿದೆ, ಯಾವಾಗ ತಲೆ ತಿರುಗಿತು? ಸೌಂದರ್ಯಾಳ ಮನೆಯಲ್ಲಿ ಅವಳ ಅಜ್ಜಿ ರುಕ್ಮಿಣಿಬಾಯಿ ಹೊರಗಿನ ಕಟ್ಟೆಯ ಮೇಲೇ ಚಹಾ ಕೊಟ್ಟಳು. “ನಮ್ಮ ಹುಡುಗಿ ಶಾಲಿ ಊಟ ಮುಟ್ಟಂಗೇ ಇಲ್ಲ ಟೀಚರಮ್ಮ. ಮನಿಂದೇ ಡಬ್ಬಿ ಒಯ್ತಾಳ. ಆ ದಿನ ಜೋಳದ ರೊಟ್ಟಿ, ಪುಂಡಿಪಲ್ಯ ಒಯ್ದಿದ್ಳು” ಎಂದಳು. ಹೇಳಿದ ಮಾತಿನ ಅರ್ಥ ಅವಳಿಗೇ ಹೊಳೆದಂತೆ ಕಾಣಲಿಲ್ಲ. ಸೌಂದರ್ಯಾ ಒಬ್ಬಳೇ ಅಲ್ಲ, ಬಾಲಮಣಿಯ ಕೈಯ ಊಟ ಬೇಡವೆಂದು ಡಬ್ಬಿ ಒಯ್ಯುವ ಇನ್ನೂ ಕೆಲವು ಮಕ್ಕಳು ಬಿದ್ದಿದ್ದರು. ಎರಡೆರಡು ಸಲ ಹಾಕಿಸಿಕೊಂಡು ಉಂಡ ಹತ್ತನೇ ಕ್ಲಾಸಿನ ಹುಡುಗರಿಗೆ ಏನೂ ಆಗಿರಲಿಲ್ಲ. ಒಬ್ಬ ಹುಡುಗನಂತೂ ಊಟದ ಗಂಟೆಗೆ ಮುಂಚೆಯೇ ತಲೆನೋವೆಂದು ಬೆಂಚಿನ ಮೇಲೆ ಮಲಗಿದ್ದನಂತೆ.

ಧಮ್ಮಶೀಲಾ ಹೆಡ್‌ಮಾಸ್ಟರ್ ವಿಠೋಬಾ ಅವರ ಮನೆಗೆ ಬಹುತೇಕ ಓಡುತ್ತಲೇ ಹೋದಳು. “ಸರ್, ಉಣ್ಣದವರು ಬಿದ್ದಾರ, ಉಂಡವರು ಅರಾಮ ಅದಾರ. ಬಾಲಮಣಕ್ಕನ ಕೈದು ಏನೂ ಇಲ್ಲ!”

ವಿಠೋಬಾ ಕನ್ನಡಕ ತೆಗೆದು ಒರೆಸಿ, “ಖರೇ ಅದ ಬಿಡ್ರಿ” ಎಂದರು. ಅಷ್ಟಕ್ಕೇ ನಿಲ್ಲಿಸಿದರು.

ಗೆದ್ದ ಉಮೇದಿನಲ್ಲಿ ಮನೆಗೆ ನಡೆಯುತ್ತಿದ್ದವಳು ಚಾವಡಿಯ ಹತ್ತಿರ ತಟ್ಟನೆ ನಿಂತಳು. ಉಣ್ಣದವರೂ ಬಿದ್ದಿದ್ದಾರೆ ಎಂದರೆ ಬಾಲಮಣಿಯ ಕೈ ಮಾತ್ರ ಚೊಕ್ಕವಾಗುವುದಿಲ್ಲ. ಬಂಡೆಪ್ಪನ ಬೇಳೆಯೂ ಚೊಕ್ಕವಾಗುತ್ತದೆ. ಒಂದೇ ಮಾತು ಇಬ್ಬರನ್ನೂ ಬಿಡಿಸುತ್ತದೆ. ಅದನ್ನು ಬಾಲಮಣಿಗೆ ಹಚ್ಚಿ ಬಂಡೆಪ್ಪನಿಗೆ ಹಚ್ಚದೆ ಇಷ್ಟು ದೂರ ಕುಣಿಯುತ್ತ ಬಂದಿದ್ದಳಲ್ಲ! ಅವಳಿಗೆ ತನ್ನ ಮೇಲೇ ಅಸಹ್ಯವಾಯಿತು. ಬಂಡೆಪ್ಪನೇ ತಪ್ಪಿತಸ್ಥನಾಗಿರಲಿ ಎಂದು ಅವಳು ಎಷ್ಟು ಬಯಸಿದ್ದಳೆಂದರೆ, ಕಣ್ಣೆದುರಿನದು ಕಂಡಿರಲಿಲ್ಲ. ಅವ್ವನ ಡಾಕ್ಟರು ಮಾಡಿದ್ದೂ ಇದನ್ನೇ ಅಲ್ಲವೆ?

ಮನೆಯಲ್ಲಿ ಕ್ರಾಂತಿಗೆ ಹೇಳಿದಳು. ಅವನಿಗೆ ಹಿಡಿಸಲಿಲ್ಲ. “ಬ್ಯಾಳಿದು ಅಲ್ಲಾಂತ ನೀನೇ ಯಾಕ ಹೇಳ್ತಿ? ಸುಮ್ಮ ಇರು. ಅವರೇನು ನಮ್ಮ ಪರವಾಗಿ ಸಾಕ್ಷಿ ಹುಡುಕ್ಲಾಕತ್ತಾರೇನು?” ಎಂದ.

ಅಡುಗೆಗೆ ಕಾಂತಾಬಾಯಿ ಬಂದಳು. ಬಂಡೆಪ್ಪನೇ ಆರಿಸಿ ತಂದವಳು. ಡಬ್ಬಿ ತರುತ್ತಿದ್ದ ಮಕ್ಕಳಲ್ಲಿ ಕೆಲವರು ಈಗ ಶಾಲೆಯಲ್ಲೇ ಉಣ್ಣತೊಡಗಿದರು. ಕೆಲವು ದಿನ ಕಳೆದವು. ಒಂದು ಗುರುವಾರ ಮಧ್ಯಾಹ್ನ ಮತ್ತೆ ಮಕ್ಕಳು ಬಿದ್ದರು. ಅದೇ ವಾಂತಿ, ಅದೇ ಕಣ್ಣೀರು, ಅದೇ ಜೊಲ್ಲು.

ಧಮ್ಮಶೀಲಾ ಸೌಂದರ್ಯಾಳನ್ನು ನೆರಳಿಗೆ ಕರೆದೊಯ್ದು ಕಣ್ಣು ಬಿಡಿಸಿ ನೋಡಿದಳು. ಕಣ್ಣಿನ ಪಾಪೆ ರಾಗಿ ಕಾಳಿನಷ್ಟಾಗಿತ್ತು. ನೆರಳಿನಲ್ಲಿ ಅದು ಅರಳಬೇಕು, ಇಲ್ಲಿ ಮುದುಡಿತ್ತು.

ಬಂಡೆಪ್ಪ ಬಂದ. ಈ ಸಲ ಕಾಂತಾಬಾಯಿಯ ಕಡೆಗೆ ಅವನು ತಿರುಗಿಯೂ ನೋಡಲಿಲ್ಲ. ಅಂಗಳದ ನಡುವೆ ನಿಂತು, ಕೂಡಿದ ಜನಕ್ಕೆಲ್ಲ ಕೇಳುವಂತೆ, “ಕೆಲಸದಿಂದ ತೆಗೆದೀವಿ ಅಂತ ಆಕಿ ಹೊರಗಿಂದ ಮಾಡಸ್ಲಾಕತ್ತಾಳ. ಇದು ಬಾನಾಮತಿ” ಎಂದ.

ಮಾಟದ ಆ ಹೆಸರು ಹೊತ್ತ ಹೆಂಗಸರಿಗೆ ಈ ಸೀಮೆಯಲ್ಲಿ ಏನೇನಾಗಿದೆ ಎಂಬುದು ಅಲ್ಲಿದ್ದ ಪ್ರತಿಯೊಬ್ಬರಿಗೂ ಗೊತ್ತಿತ್ತು. ಹಲ್ಲು ಕಿತ್ತವರಿದ್ದಾರೆ, ಬೆಂಕಿ ಹಚ್ಚಿದವರಿದ್ದಾರೆ.

ಧಮ್ಮಶೀಲಾ ಅವನ ಎದುರಿಗೆ ಹೋಗಿ ನಿಂತಳು. “ಬಾಲಮಣಕ್ಕ ಅಡಗಿ ಮಾಡಿದಾಗ ಮಕ್ಕಳು ಬಿದ್ರೆ ಆಕೀದೇ ತಪ್ಪು. ಮಾಡದಿದ್ದಾಗ ಬಿದ್ರೂ ಆಕೀದೇ ತಪ್ಪು. ನಿಮಗೊಂದು ಮಾತು ಕೇಳ್ತೀನಿ ಸಾವ್ಕಾರ್ರೇ. ಏನಾದ್ರ ‘ನಂದು ಗಲತ್ ಆತು’ ಅಂತ ಒಪ್ಕೋತೀರಿ? ಏನು ಕಂಡ್ರ ಒಪ್ಕೋತೀರಿ? ಅದೊಂದು ಹೇಳ್ರಿ.”

ಬಂಡೆಪ್ಪ ಅವಳನ್ನು ಅರ್ಥವಾಗದವನಂತೆ ನೋಡಿದ. “ನಂದು ಯಾಕ ಗಲತ್ ಆಗ್ತದ?” ಎಂದ.

“ಅಂದ್ರ ನೀವು ಏನೂ ಹೇಳ್ಲಾಕತ್ತಿಲ್ಲ. ಏನಾದ್ರೂ ನಂದೇ ಖರೇ ಅನ್ನೋ ಮಾತಿಗೆ ಒಂದು ಕಾಸಿನ ಬೆಲಿ ಇಲ್ಲ. ಅದು ತಿಳುವಳಿಕೆ ಅಲ್ಲ, ದ್ವೇಷ!”

“ಟೀಚರಮ್ಮ, ಬಾಯಿ ಹಿಡ್ತದಾಗ ಇರ್ಲಿ” ಎಂದು ಯಾರೋ ಹಿಂದಿನಿಂದ ಗದರಿದರು. ವಿಠೋಬಾ ಅವಳ ತೋಳು ಹಿಡಿದು ಒಳಗೆ ಕರೆದುಕೊಂಡು ಹೋದರು.

ಒಳಗೆ ಎಂಟನೇ ಕ್ಲಾಸಿನ ಕೋಣೆ ಖಾಲಿಯಾಗಿತ್ತು. ಚೀಲಗಳು ಚೆಲ್ಲಾಡಿದ್ದವು. ಧಮ್ಮಶೀಲಾ ಬೆಂಚಿನ ಮೇಲೆ ಕುಸಿದು ಕೂತಾಗ ಮೂಗಿಗೆ ಸಣ್ಣಗೆ ಒಂದು ವಾಸನೆ ಬಡಿಯಿತು. ಬೆಳ್ಳುಳ್ಳಿ ಕೊಳೆತಂಥ, ಸೀಮೆಎಣ್ಣೆ ಬೆರೆತಂಥ ವಾಸನೆ. ಇಲ್ಲಿ ಅದಕ್ಕೆ ಯಾರೂ ಮೂಗು ತಿರುಗಿಸುವುದಿಲ್ಲ. ತೊಗರಿ ಹೂ ಬಿಡುವ ಕಾಲಕ್ಕೆ ಊರಿಗೆ ಊರೇ ಕೀಡೆಹುಳಕ್ಕೆ ವಿಷದ ಎಣ್ಣೆ ಹೊಡೆಯುತ್ತದೆ. ಅವಳು ಬಿದ್ದ ಮಕ್ಕಳ ಮುಖಗಳನ್ನು ಒಂದೊಂದಾಗಿ ನೆನೆದಳು. ಆರನೇ ಕ್ಲಾಸಿನವರು, ಎಂಟನೇ ಕ್ಲಾಸಿನವರು. ಎರಡೇ ಕೋಣೆ. ಎರಡೂ ಮೂಡಣ ಕಡೆಯವು. ದಸರೆ ಕಳೆದ ಮೇಲೆ ಬೀಸುವುದು ಮೂಡಗಾಳಿ. ಕಿಟಕಿಗಳಿಗೆ ಬಾಗಿಲೇ ಇಲ್ಲ, ಬರೀ ಸರಳು.

ಸರಳಿನಾಚೆ, ಬೇಲಿಯ ಆ ಕಡೆ, ಹಳದಿ ಹೂ ಬಿಟ್ಟ ತೊಗರಿ ಎದೆಯುದ್ದ ನಿಂತಿತ್ತು. ಕ್ರಾಂತಿಯ ತೊಗರಿ.

ಸಂಜೆ ಅವಳು ಹೊಲಕ್ಕೇ ಹೋದಳು. ಕ್ರಾಂತಿ ಬೆನ್ನ ಮೇಲಿನ ಪಂಪು ಇಳಿಸಿ ಕೈಕಾಲು ತೊಳೆಯುತ್ತಿದ್ದ. ಎಲ್ಲ ಕೇಳಿದ ಮೇಲೆ ಅವನ ಮುಖ ಕಪ್ಪಿಟ್ಟಿತು.

“ನನ್ನ ಹೊಲಾನೇ ಸಿಕ್ತೇನು ನಿನಗ? ಸೀಮಿಗೇ ಸೀಮಿ ಹೊಡೀತದ ಎಣ್ಣಿ!”

“ಗಾಳಿ ನಿನ್ನ ಹೊಲದಿಂದ ಬರ್ತದ ಕ್ರಾಂತಿ. ಮೊದ್ಲಿನ ಸಲ ಬಿದ್ದ ದಿನ ಹೊಡ್ದಿದ್ಯೋ ಇಲ್ಲೋ?”

ಅವನು ಕಾಲಿಗೆ ನೀರು ಸುರಿಯುವುದನ್ನೂ ಮರೆತು ನಿಂತ. ಆಮೇಲೆ, “ಹೊಡ್ದಿದ್ದೆ. ಪ್ಯಾಟಿ ಅಂಗಡಿಯವ ಎರಡು ನಮೂನಿ ಎಣ್ಣಿ ಕೂಡಿಸಿ ಹೊಡಿ ಅಂದಿದ್ದ, ಕೂಡಿಸಿ ಹೊಡ್ದೆ” ಎಂದ. ಮರುಕ್ಷಣ ಸಿಡಿದ: “ಈಗ ಇದನ್ನ ಹೇಳಿದ್ರ ಏನಾಗ್ತದ ಗೊತ್ತದೇನು? ಇವರೇ ವಿಷ ಹಾಕಿದ್ರು ಅಂತಾನ ಬಂಡೆಪ್ಪ. ಬಾಲಮಣಕ್ಕಂದೂ ಹೋತು, ನಮ್ದೂ ಹೋತು. ಆಕೀನ್ನ ಮೊದ್ಲು ಕೆಲ್ಸಕ್ಕ ತಗೊಳ್ಲಿ, ಆಮ್ಯಾಲ ಹೇಳು.”

“ಆಮ್ಯಾಲ ಅಂದ್ರ ಎಂದು? ಮುಂದಿನ ವಾರ ಮತ್ತ ಹೊಡೀತಿ. ಆ ಮಕ್ಕಳಾಗ ಒಂದು ಸತ್ತರ?”

“ಅಕ್ಕಾ, ನಿನ್ನ ಅನುಮಾನದ ಮ್ಯಾಲ ನನ್ನ ಬೆಳಿ ಬಿಡ್ಲೇನು? ಕೀಡಿ ಬಿದ್ದಾವ.”

ಧಮ್ಮಶೀಲಾಳಿಗೆ ಅವನ ಕೆನ್ನೆಗೆ ಬಾರಿಸಬೇಕೆನ್ನಿಸಿತು. ಬಾರಿಸಲಿಲ್ಲ. ಬಂಡೆಪ್ಪನಿಗೆ ಕೇಳಿದ್ದನ್ನೇ ಕೇಳಿದಳು. “ಏನು ಕಂಡ್ರ ಒಪ್ತಿ? ನೀನರ ಹೇಳು.”

ಕ್ರಾಂತಿ ತೊಗರಿಯ ಕಡೆ ನೋಡಿದ. “ಆ ಕೋಣ್ಯಾಗ ಯಾರರ ಉಣ್ಣಲಾರ್ದೆ, ನೀರು ಕುಡೀಲಾರ್ದೆ ಕುಂತು ಬಿದ್ರ, ಆಕಡಿ ಕೋಣ್ಯಾಗ ಉಂಡು ಕುಂತವರು ಅರಾಮ ಇದ್ರ… ಒಪ್ತೀನಿ” ಎಂದ.

“ಆತು. ನಾ ಕೂಡ್ತೀನಿ.”

ಮುಂದಿನ ಸಲ ಅವನು ಪಂಪು ಏರಿಸಿದ ದಿನ, ಧಮ್ಮಶೀಲಾ ಬೆಳಗ್ಗೆಯೇ ಎರಡೂ ಕ್ಲಾಸಿನ ಮಕ್ಕಳನ್ನು ಪಡುವಣ ಕಡೆಯ ಕೋಣೆಗಳಿಗೆ ಕಳಿಸಿ, ಎಂಟನೇ ಕ್ಲಾಸಿನ ಖಾಲಿ ಕೋಣೆಯಲ್ಲಿ ತಾನೊಬ್ಬಳೇ ಕೂತಳು. ಹಿಂದಿನ ರಾತ್ರಿಯ ಊಟ ಬಿಟ್ಟರೆ ಹೊಟ್ಟೆಗೆ ಏನೂ ಬಿದ್ದಿರಲಿಲ್ಲ. ವಿಠೋಬಾರಿಗೆ ಎಲ್ಲ ತಿಳಿಸಿ, ಬಂಡೆಪ್ಪನಿಗೂ ಹೇಳಿ ಕಳಿಸಿದ್ದಳು: ಬಂದು ಕೂಡ್ರಿ, ನಿಮಗೆ ಬೇಕಾದ್ದು ಉಂಡು ಬರ್ರಿ, ಬಾಲಮಣಿಯ ನೆರಳೂ ಇಲ್ಲಿ ಬೀಳುವುದಿಲ್ಲ. ಅವನು ಬರಲಿಲ್ಲ. ನನಗೇನು ಹುಚ್ಚೇ ಎಂದನಂತೆ. ಬಾನಾಮತಿ ಎಂದವನಿಗೆ ಕೋಣೆಯ ಗಾಳಿಗೆ ಯಾಕೆ ಹೆದರಿಕೆ ಎಂದು ಧಮ್ಮಶೀಲಾ ಹಲ್ಲು ಕಡಿದಳು.

ಪಂಪಿನ ಸದ್ದು ಬೇಲಿಯ ಹತ್ತಿರ ಬಂತು. ವಾಸನೆ ಬಂತು. ಮೊದಲು ತಲೆ ಬಿಗಿಯಿತು. ಅವಳು ಅದನ್ನು ನಂಬಲಿಲ್ಲ. ಬೀಳುತ್ತೇನೆ ಎಂದು ಕೂತವಳಿಗೆ ತಲೆ ತಿರುಗುವುದು ದೊಡ್ಡದಲ್ಲ, ಮನಸ್ಸೇ ವಾಂತಿ ಮಾಡಿಸಬಲ್ಲದು. ಪಾಪೆಯನ್ನು ಮಾತ್ರ ಮನಸ್ಸು ಮುದುಡಿಸಲಾರದು. ಮುಂಚೆಯೇ ವಿಠೋಬಾರಿಂದ ಕಣ್ಣು ನೋಡಿಸಿಕೊಂಡಿದ್ದಳು. ಕೊನೆಗೆ ಬಾಯಲ್ಲಿ ನೀರೂರಿ, ಕಣ್ಣು ಸುರಿಯಲು ಹತ್ತಿದಾಗ ಬಾಗಿಲಿಗೆ ಬಂದು ಕರೆದಳು. ವಿಠೋಬಾ ಅವಳನ್ನು ಕತ್ತಲೆಯ ಸ್ಟೋರ್ ಕೋಣೆಯಲ್ಲಿ ನಿಲ್ಲಿಸಿ ಮೊಬೈಲಿನ ಮಂದ ಬೆಳಕಲ್ಲಿ ನೋಡಿದರು. “ಅಯ್ಯೋ ದೇವರೇ, ಸೂಜಿಮೊನಿ ಆಗ್ಯಾವ!” ಎಂದು ಕೂಗಿದರು. ಆಮೇಲೆ ಅವಳಿಗೆ ನೆನಪಿರುವುದು ಬೇವಿನ ಬುಡ, ಹೊಟ್ಟೆಯಲ್ಲಿ ಏನೂ ಇಲ್ಲದೆಯೂ ಕಿತ್ತು ಬರುತ್ತಿದ್ದ ವಾಂತಿ, ಮತ್ತು ಬೇಲಿ ಹಾರಿ ಓಡಿಬಂದ ಕ್ರಾಂತಿಯ ಮುಖ. ಪಡುವಣ ಕೋಣೆಯ ಮಕ್ಕಳೆಲ್ಲ ಉಂಡು ಅರಾಮವಾಗಿದ್ದರು.

ದವಾಖಾನೆಯಲ್ಲಿ ಈ ಸಲ ಬೇರೆ ಡಾಕ್ಟರಮ್ಮ ಇದ್ದರು. ಕಣ್ಣು ನೋಡಿ, ಏನು ಹೊಡೆದಿರಿ ಎಂದು ಕ್ರಾಂತಿಗೆ ಕೇಳಿ, ತಕ್ಷಣ ಇಂಜೆಕ್ಷನ್ ಕೊಟ್ಟರು. ಅವನು ಡಬ್ಬದ ಹೆಸರು ಹೇಳಿದ. ಅಕ್ಕನ ಕಡೆ ಒಮ್ಮೆಯೂ ನೋಡಲಿಲ್ಲ.

ಶಾಲೆಯಲ್ಲಿ ಕಮಿಟಿ ಕೂಡಿತು. ಧಮ್ಮಶೀಲಾ ಎದ್ದು ನಿಂತು ನಡೆದದ್ದನ್ನೆಲ್ಲ ಹೇಳಿದಳು. ಬೇಳೆಯ ಮೇಲಿನ ತನ್ನ ಅನುಮಾನ ಸುಳ್ಳಾದದ್ದನ್ನೂ ಹೇಳಿದಳು. ಹೊಲ ತನ್ನ ತಮ್ಮನದೆಂದೂ ಹೇಳಿದಳು. ಕ್ರಾಂತಿ ಹೇಳಿದಂತೆಯೇ ಆಯಿತು. ಬಂಡೆಪ್ಪ ತೊಡೆ ತಟ್ಟಿ, “ನೋಡ್ರಿ, ಕಡೀಗೆ ಅವರ ಕೈಯಾಗಿಂದೇ ಬಂತಿಲ್ಲೋ ವಿಷ!” ಎಂದ.

“ಹೌದು, ನನ್ನ ತಮ್ಮ ಹೊಡ್ದಾನ. ಗೊತ್ತಿಲ್ಲದೆ ಹೊಡ್ದಾನ, ಗೊತ್ತಾದ ಮ್ಯಾಲ ಒಪ್ಯಾನ” ಎಂದು ಧಮ್ಮಶೀಲಾ ಕಿರುಚಿದಳು. “ನಾ ನನ್ನ ಮನಿ ಮಂದೀನ್ನೇ ನಿಲ್ಲಿಸಿ ಹೇಳ್ಲಾಕತ್ತೀನಿ. ನೀವು ಒಂದು ಹೆಣ್ಮಗಳ ಮ್ಯಾಲ ಬಾನಾಮತಿ ಹೊರಿಸಿದ್ರಿ. ನಾಳಿ ಆಕಿ ಮನಿಗೆ ಬೆಂಕಿ ಬಿದ್ರ? ನೀವು ಏನು ನೋಡಿ ಅಂದ್ರಿ, ಅದನ್ನ ಇಲ್ಲಿ ನಿಂತು ಹೇಳ್ರಿ!”

ಬಂಡೆಪ್ಪ ಹೆಗಲ ಟವೆಲ್ ಕೊಡವಿ ಎದ್ದು ಹೋದ. ಹೋಗುವಾಗ ಅವನ ಹಿಂದೆ ನಡೆದವರು ಮೊದಲಿಗಿಂತ ಕಡಿಮೆ ಇದ್ದರು. ಅಷ್ಟೇ ಅವಳಿಗೆ ಸಿಕ್ಕಿದ್ದು. ಇನ್ನು ಮುಂದೆ ಶಾಲೆ ನಡೆಯುವ ಹೊತ್ತಿನಲ್ಲಿ ಸುತ್ತಿನ ಹೊಲಗಳಲ್ಲಿ ಯಾರೂ ಎಣ್ಣೆ ಹೊಡೆಯಬಾರದೆಂದು ಉಳಿದವರು ಒಪ್ಪಿಕೊಂಡರು.

ಬಾಲಮಣಿಯನ್ನು ಮರಳಿ ಕರೆಯಲು ಧಮ್ಮಶೀಲಾ ತಾನೇ ಹೋದಳು. ಸಾಬೀತಾಯಿತು ಅಕ್ಕಾ, ನಿನ್ನ ಕೈದೇನೂ ಇಲ್ಲ ಎಂದು ಖುಷಿಯಿಂದ ಹೇಳಿದಳು. ಬಾಲಮಣಿ ಕಡಲೆ ಸೊಪ್ಪು ಸೋಸುತ್ತಿದ್ದವಳು ತಲೆ ಎತ್ತಲಿಲ್ಲ.

“ನನ್ನ ಕೈ ಚೊಕ್ಕ ಅದ ಅಂತ ತೋರಸಾಕ ನೀ ಸಾಯೋ ತನಕ ಹೋಗಬೇಕಾತಲ್ಲವ್ವ. ಬಂಡೆಪ್ಪನ ಕೈ ಚೊಕ್ಕ ಅದ ಅಂತ ಯಾರರ ಎಂದರ ತೋರಿಸ್ಯಾರೇನು?”

ಧಮ್ಮಶೀಲಾ ಅವಳ ಪಕ್ಕದಲ್ಲೇ ಕೂತು ಸೊಪ್ಪಿಗೆ ಕೈ ಹಾಕಿದಳು.

“ಮಕ್ಕಳ ಮುಂದ ನನ್ನ ಸೌಟು ಕಸಗೊಂಡ್ರು. ಮಕ್ಕಳ ಮುಂದೇ ‘ನಮ್ದು ತಪ್ಪಾತು’ ಅನ್ಲಿ. ಬರ್ತೀನಿ.”

ಬಂಡೆಪ್ಪ ಬರಲಿಲ್ಲ. ಪ್ರಾರ್ಥನೆಯ ಹೊತ್ತಿಗೆ ವಿಠೋಬಾ, ಜೀವಮಾನದಲ್ಲಿ ಯಾರಿಗೂ ಎದುರು ಮಾತಾಡದವರು, ಮಕ್ಕಳ ಸಾಲಿನ ಮುಂದೆ ನಿಂತು ಕೈಮುಗಿದು, “ನಾವು ನೋಡದೇ ಮಾತಾಡಿದ್ವಿ. ಬಾಲಮಣಿಯವರ ತಪ್ಪಿಲ್ಲ, ತಪ್ಪು ನಮ್ದು” ಎಂದರು. ಅಂದು ಬಾಲಮಣಿ ಒಲೆ ಹಚ್ಚಿದಳು. ಡಬ್ಬಿ ತರುವ ಮಕ್ಕಳು ಮತ್ತೆ ಡಬ್ಬಿಯನ್ನೇ ತಂದರು. ಕ್ರಾಂತಿ ಭಾನುವಾರ ಹೊಡೆಯತೊಡಗಿದ, ಮುಖಕ್ಕೆ ಬಟ್ಟೆ ಕಟ್ಟಿಕೊಂಡು. ಅಷ್ಟರಲ್ಲಿ ಕೀಡೆ ಅರ್ಧ ಹೊಲ ತಿಂದಿತ್ತು. ಅಕ್ಕನ ಕೂಡ ಅವನು ಮಾತು ಬಿಟ್ಟಿದ್ದ. ಉಣ್ಣಲು ಕರೆದರೆ ಬಂದು ಉಂಡು ಎದ್ದು ಹೋಗುತ್ತಿದ್ದ.

ಒಂದು ದಿನ ಎಂಟನೇ ಕ್ಲಾಸಿನಲ್ಲಿ ವಿಜ್ಞಾನದ ವಿಧಾನದ ಪಾಠ ಬಂತು. ಪುಸ್ತಕದಲ್ಲಿ ಅದು ಮೆಟ್ಟಿಲ ಹಾಗೆ ಸುಲಭವಾಗಿತ್ತು: ಗಮನಿಸು, ಊಹಿಸು, ಪರೀಕ್ಷಿಸು, ತೀರ್ಮಾನಿಸು. ಓದುತ್ತ ಓದುತ್ತ ಧಮ್ಮಶೀಲಾಳಿಗೆ ಸಿಟ್ಟು ಬಂತು. ಇದರಲ್ಲಿ ಎಲ್ಲಿದೆ ತಮ್ಮ, ಎಲ್ಲಿದೆ ಬಾಲಮಣಿಯ ಸೌಟು? ಅವಳು ಪುಸ್ತಕ ಮುಚ್ಚಿ, “ಯಾರಿಗರ ಏನರ ಕೇಳೋದದೇನು?” ಎಂದಳು.

ಸೌಂದರ್ಯಾ ಎದ್ದು ನಿಂತಳು. “ಟೀಚರ್, ಖರೇನೇ ಬಾಲಮಣಕ್ಕನ ಅಡಗ್ಯಾಗೇ ಏನರ ಇತ್ತು ಅಂತ ಬಂದಿದ್ರ? ಆಗೂ ನೀವು ಹೇಳ್ತಿದ್ರೇನು?”

ಕಿಟಕಿಯ ಸರಳುಗಳಿಗೆ ಹೊಸದಾಗಿ ಹಚ್ಚಿದ ತಗಡು ಬಿಸಿಲಿಗೆ ಚಿಟಿಚಿಟಿ ಎನ್ನುತ್ತಿತ್ತು. ಹುಡುಗಿ ಅಜ್ಜನ ಪರವಾಗಿ ಕೇಳಿರಲಿಲ್ಲ, ಅವಳ ಮುಖದಲ್ಲಿ ಅದು ಸ್ಪಷ್ಟವಿತ್ತು, ತಿಳಿಯಬೇಕೆಂದೇ ಕೇಳಿದ್ದಳು. ಧಮ್ಮಶೀಲಾಳಿಗೆ ತಕ್ಷಣ ಹೌದೆನ್ನುವ ಮಾತು ಬಾಯಿಗೆ ಬಂತು. ತಡೆದಳು. ಬಂಡೆಪ್ಪನ ಬೇಳೆಯನ್ನು ಹಿಡಿದುಕೊಂಡು ಊರೆಲ್ಲ ತಿರುಗಿದವಳು ತಾನೇ ಅಲ್ಲವೇ?

“ಹೇಳಬೇಕಾಗ್ತಿತ್ತು,” ಎಂದಳು ಕೊನೆಗೆ, ಹಲ್ಲು ಕಚ್ಚಿ. “ಹೊಟ್ಟಿ ಉರೀತಿತ್ತು. ಮೂರು ಸಲ ನೋಡ್ತಿದ್ದೆ, ಸುಳ್ಳಾಗ್ಲಿ ಅಂತ ನೋಡ್ತಿದ್ದೆ. ಆಗಲಿಲ್ಲಂದ್ರ ಹೇಳ್ತಿದ್ದೆ. ಆದ್ರ ಆಕಿ ಕೈಯಾಗಿನ ಸೌಟು ಮಾತ್ರ ಕಸಗೊಳ್ಳಾಕ ಯಾರಿಗೂ ಬಿಡ್ತಿರಲಿಲ್ಲ. ಕುಂದ್ರು.”